ಇಪ್ಪತ್ತನೆಯ ಪೆಟ್ಟು

ಸೈಲಸ್ ಗಂಟೆಯ ಹಗ್ಗಕ್ಕೆ ಕೈ ಹಾಕುವಷ್ಟರಲ್ಲಿ ಹೆಂಡತಿ ಈಡಿತ್ ಬಂದು ಅವನ ಕೋಟಿನ ತೋಳು ಹಿಡಿದಳು.

“ಗಂಡಸು ಸತ್ತ ಅಂತ ಒಂಬತ್ತು ಪೆಟ್ಟು. ಆಮೇಲೆ ವಯಸ್ಸಿನ ವರ್ಷಕ್ಕೊಂದರಂತೆ ಅರವತ್ತೆಂಟು. ಎಲ್ಲಾ ದೊರೆಗಳಿಗೆ! ನಮ್ಮ ಮಗ ವಾಲ್ಟರ್‌ಗೆ ಹತ್ತೊಂಬತ್ತೂ ಸಿಗ್ಲಿಲ್ವಲ್ರೀ.”

“ಯುದ್ಧದಿಂದ ಅವನ ಹೆಣವೇ ಊರಿಗೆ ಬರ್ಲಿಲ್ಲ ಕಣೇ. ಹೆಣ ಬರದೆ ಗಂಟೆ ಹೊಡೆಯೋ ಪದ್ಧತಿ ಇಲ್ಲ.”

“ಪದ್ಧತಿಯಂತೆ, ಪದ್ಧತಿ!” ಎಂದು ಅವಳು ತೋಳು ಬಿಟ್ಟು ಹೊರಗೆ ಹೋದಳು.

ಚರ್ಚಿನ ಬಾಗಿಲಾಚೆ ಕರ್ನಲ್ ಲಾರ್ಡ್ ಆಂಬ್ರೋಸ್ ವೆಂಡಮ್ ಅವರ ಶವಪೆಟ್ಟಿಗೆಯನ್ನು ಎಂಟು ಸಿಪಾಯಿಗಳು ಹೆಗಲ ಮೇಲೆ ಹೊತ್ತು ಗೇಟಿನ ಹತ್ತಿರ ನಿಂತಿದ್ದರು. ಮೇಲೆ ಬಾವುಟ, ಬಾವುಟದ ಮೇಲೆ ಖಡ್ಗ. ಹಿಂದೆ ಲಂಡನ್ನಿನ ದೊಡ್ಡವರ ಉದ್ದ ಟೋಪಿಗಳು. ಕೊನೆಯ ಪೆಟ್ಟು ಬೀಳುವ ತನಕ ಪೆಟ್ಟಿಗೆ ಗೇಟು ದಾಟುವಂತಿಲ್ಲ.

“ಇಪ್ಪತ್ತು ವರ್ಷ ಪಾರ್ಲಿಮೆಂಟಲ್ಲಿ ಗುಡುಗಿದ್ರು, ನಮ್ಮ ಸೇತುವೆಗೆ ಒಂದು ಹಲಗೆ ಬರ್ಲಿಲ್ಲ,” ಎಂದ ಗುಂಡಿ ತೋಡುವ ಜೊಸಾಯ.

“ನಾಲಿಗೆ ಹಿಡಿಯಯ್ಯ,” ರೊಟ್ಟಿ ಅಂಗಡಿಯ ಪ್ರೂಡೆನ್ಸ್ ಗದರಿದಳು. “ಯುದ್ಧದಲ್ಲಿ ಸತ್ತ ನಮ್ಮೂರ ಹನ್ನೊಂದು ಹುಡುಗರಿಗೆ ಕಲ್ಲು ನೆಡ್ಸಿದ್ದು ಯಾರು? ನಿಮ್ಮಪ್ಪನಾ?”

ಸೈಲಸ್ ಎಲ್ಲವನ್ನೂ ಕೇಳಿಸಿಕೊಂಡ. ಅವನ ಜೇಬಿನಲ್ಲಿ ಒಂದು ಗಡಿಯಾರ ಟಿಕ್ ಟಿಕ್ ಎನ್ನುತ್ತಿತ್ತು. ಹತ್ತು ದಿನದಿಂದ ಅದನ್ನು ಹೆಂಡತಿಗೆ ತೋರಿಸುವ ಧೈರ್ಯವಾಗಿರಲಿಲ್ಲ.

*

ಹತ್ತು ದಿನದ ಹಿಂದೆ ದೊರೆ ಬಂಗಲೆಗೆ ಕರೆಸಿದ್ದರು. ಹಾಸಿಗೆಯಲ್ಲಿ ಆಳೇ ಕಾಣದಷ್ಟು ಸೊರಗಿದ್ದರು.

“ಸೈಲಸ್, ದಾಳಿಯ ಆ ಬೆಳಿಗ್ಗೆ ನನ್ನ ಈ ಗಡಿಯಾರ ಐದು ನಿಮಿಷ ಮುಂದಿತ್ತು. ನಮ್ಮ ಫಿರಂಗಿ ನಿಲ್ಲೋಕೆ ಮುಂಚೆನೇ ನುಗ್ಗೋ ಸೀಟಿ ಊದಿಬಿಟ್ಟೆ. ಹುಡುಗರು ನನ್ನ ನಂಬಿ ಎದ್ದು ಓಡಿದ್ರು, ನಮ್ಮದೇ ಗುಂಡಿನ ಕೆಳಗೆ.”

ಆ ದಿನದ ಹೋರಾಟಕ್ಕೇ ದೊರೆಗೆ ಪದಕ ಬಂದಿತ್ತು.

“ಯಾರಿಗಾದ್ರೂ ಹೇಳಿದ್ದೀರಾ, ದೊರೆ?”

“ಪಾರ್ಲಿಮೆಂಟಲ್ಲಿ ಎಲ್ಲಾ ಹೇಳ್ದೆ. ಇದೊಂದು ಬಿಟ್ಟು.” ಅವರು ಮಂಚದ ಕಾಲ ಕಡೆ ನೋಡಿದರು. “ಹನ್ನೊಂದು ಜನಾನೂ ಅಲ್ಲಿ ನಿಂತ್ಕೋತಾರೆ. ಉಳಿದವರು ಮಾತಾಡಲ್ಲ. ನಿನ್ನ ಮಗ ಮಾತ್ರ ಕೇಳ್ತಾನೆ, ‘ಹೊತ್ತಾಯ್ತಾ ದೊರೆ?’ ಅಂತ.”

ಗಡಿಯಾರವನ್ನು ಅವನ ಅಂಗೈಯಲ್ಲಿಟ್ಟು ಬೆರಳು ಮಡಿಚಿದರು. ಸೈಲಸ್‌ಗೆ ಅವರ ಕತ್ತು ಹಿಸುಕಬೇಕೆನ್ನಿಸಿತು. ನೀರು ಕುಡಿಸಿ ಬಂದ.

*

ಒಂಬತ್ತು ಪೆಟ್ಟು ಮುಗಿದವು. ವಯಸ್ಸಿನ ಎಣಿಕೆ ಶುರುವಾಯಿತು. ಹದಿನೇಳು. ಹದಿನೆಂಟು. ಹತ್ತೊಂಬತ್ತು ಹೊಡೆದದ್ದೇ ಸೈಲಸ್‌ನ ಕೈ ನಿಂತಿತು. ಎಷ್ಟು ಎಳೆಯಬೇಕೆಂದರೂ ಹಗ್ಗ ಕೆಳಗೆ ಬರಲೊಲ್ಲದು. ಕಿವಿಯಲ್ಲಿ ಮಗನ ದನಿ: ಹೊತ್ತಾಯ್ತಾ?

ಈಡಿತ್ ಓಡಿ ಬಂದಳು. “ಹತ್ತೊಂಬತ್ತಕ್ಕೆ ನಿಲ್ಸಿದ್ರಲ್ಲ... ವಾಲ್ಟರ್‌ಗಾ?”

ಅವನು ಗಡಿಯಾರ ತೆಗೆದು ಅವಳ ಕೈಗಿತ್ತ. ಐದು ನಿಮಿಷದ ಮಾತು, ಸೀಟಿಯ ಮಾತು, ಮಗನ ಪ್ರಶ್ನೆ, ಎಲ್ಲವನ್ನೂ ಒಂದೇ ಉಸಿರಿಗೆ ಹೇಳಿದ. ಅವಳು ಅಳಲಿಲ್ಲ. ಮುಚ್ಚಳ ತೆರೆದು ಮುಳ್ಳನ್ನೇ ನೋಡುತ್ತಾ ನಿಂತಳು.

“ಹಗ್ಗ ಹರೀತೇನೋ ಸೈಲಸ್?” ಜೊಸಾಯ ಹೊರಗಿನಿಂದ ಕೂಗಿದ.

ಪಾದ್ರಿ ಬಾಗಿಲಿಗೆ ಬಂದರು. “ಏನಯ್ಯಾ ಇದು! ದೊರೆಗಳು ಗೇಟಲ್ಲಿ ಕಾಯ್ತಿದ್ದಾರೆ!”

“ಕಾಯ್ಲಿ,” ಎಂದಳು ಈಡಿತ್, ಮುಳ್ಳಿನಿಂದ ಕಣ್ಣೆತ್ತದೆ.

ಪಾದ್ರಿ ಅವಳ ಮುಖ ನೋಡಿ ಬಾಗಿಲಿನಿಂದ ಹಿಂದೆ ಸರಿದರು. ಒಂದು ನಿಮಿಷ. ಎರಡು. ಗೇಟಿನಲ್ಲಿ ಸಿಪಾಯಿಗಳು ಹೆಗಲು ಬದಲಿಸಲಾರದೆ ಕಾಲು ಬದಲಿಸಿದರು. ಬಾವುಟದ ಮೇಲಿನ ಖಡ್ಗ ಕೊಂಚ ಜಾರಿತು. ಟೋಪಿಗಳು ಒಂದನ್ನೊಂದು ನೋಡಿಕೊಂಡವು. ಮೂರು. ನಾಲ್ಕು.

ಐದು ತುಂಬಿದಾಗ ಈಡಿತ್ ಮುಚ್ಚಳ ಮುಚ್ಚಿದಳು. ಗಂಡನ ಕೈಯ ಮೇಲೆ ತನ್ನ ಕೈಯಿಟ್ಟು ಹಗ್ಗ ಹಿಡಿದಳು.

“ಈಗ ಹೊತ್ತಾಯ್ತು, ಮಗಾ,” ಎಂದು ಎಳೆದಳು.