ದೊಡ್ಡ ಕ್ಯಾಮೆರಾದ ಜೋಗುಳ

ನಿಪ್ಪಾಣಿಯ ಕುಣಾಲ ನಮಗೆ ದೂರದ ಸಂಬಂಧಿ. ಪುಣೆಯಲ್ಲಿ ಸಿನಿಮಾ ಕಲಿತ ಮೇಲೆ ನೆಟ್ಟಗೆ ಮಾತಾಡುವುದನ್ನೇ ಮರೆತಿದ್ದ. ಉಗಾರ ಬುದ್ರುಕದ ನಮ್ಮ ಮನೆಗೆ ಬಂದು, ನನ್ನ ಅತ್ತೆ ಕುಸುಮವ್ವನ ಮೇಲೆ ಸಾಕ್ಷ್ಯಚಿತ್ರ ಮಾಡುತ್ತೇನೆ ಎಂದ. "ಕಥಿ ಇರೂದಿಲ್ರಿ ಕಾಕು. ಬರೇ ಆಯೀ ಇರವು." ಕಾಕು ಎಂದರೆ ನಾನು, ಆಯಿ ಎಂದರೆ ಅತ್ತೆ. ಇರವಂತೆ! ಕಬ್ಬಿಗೆ ನೀರು ಬಿಡುವ ಹೊತ್ತಿನಲ್ಲಿ ಯಾರಿಗೆ ಬೇಕಾಗಿತ್ತು ಅದು?

ಅತ್ತೆಗೆ ಬೇಕಾಗಿತ್ತು. ಗಂಟಲಲ್ಲಿ ಗಂಟಾಗಿ ಮಿರಜದಲ್ಲಿ ಆಪರೇಷನ್ ನಿಗದಿಯಾಗಿತ್ತು. ಆಮೇಲೆ ದನಿ ಇರುವುದಿಲ್ಲ ಎಂದು ಡಾಕ್ಟರು ಮೊದಲೇ ಹೇಳಿದ್ದರು. ನನ್ನ ಮಗಳು ಬ್ರಾಹ್ಮಿ ಚೊಚ್ಚಲ ಬಸುರಿ. ನಮ್ಮಲ್ಲಿ ಕೂಸಿಗೆ ಹೆಸರಿಡುವ ದಿನ ತೊಟ್ಟಿಲ ಹಾಡು ಹೇಳುವವರು ಅತ್ತೆಯೇ. ಮನೆತನದ ಹಿರಿಯರ ಹೆಸರೆಲ್ಲ ಪೋಣಿಸಿದ ಹಾಡು ಅದು, ನನಗೆ ಅರ್ಧವೂ ಬರುವುದಿಲ್ಲ. "ಬ್ರಾಹ್ಮೀ ಕೂಸು ನನ್ನ ದನೀಲೇ ಕೇಳಬೇಕ ನೋಡಪಾ" ಎಂದು ಅತ್ತೆ ಕುಣಾಲನಿಗೆ ಬಿಚ್ಚಿ ಹೇಳಿದರು.

"ಆತ್ರಿ ಆಯಿ, ಮನಸಾರೆ ಹಾಡ್ರಿ" ಎಂದ. ಹಾಡು ಹಿಡಿದಿಡಲು ನಾನು ಮೊಬೈಲು ಎತ್ತಿದರೆ, ಫ್ರೇಮ್ ಕೆಡುತ್ತದೆ ಎಂದು ಹೊರಗಟ್ಟಿದ. ಅತ್ತೆಯೂ ಅವನ ಕಡೆಗೇ. "ಅಷ್ಟ ದೊಡ್ಡ ಕ್ಯಾಮೆರಾ ಇಟ್ಟಾನ, ನಿನ್ನ ಮೊಬೈಲ್ ಯಾಕಬೇ ಮನಿಷಾ?"

ಆಸಾಮಿಗೆ ಸಂಜೆಯ ಓರೆ ಬಿಸಿಲೇ ಆಗಬೇಕು. ಹೊತ್ತು ಮುಳುಗಿದ ಮೇಲೆ ತುತ್ತು ಮುಟ್ಟದ ಜೈನರ ಮನೆ ನಮ್ಮದು; ಅವನದೂ ಅಂಥದೇ. ಆದರೂ ಊಟದ ಹೊತ್ತಿಗೇ ಕೂರಿಸುತ್ತಿದ್ದ. ಅತ್ತೆ ಹಾಡಿ ಹಾಡಿ ಹಸಿದೇ ಮಲಗುತ್ತಿದ್ದರು. ನನಗೆ ಮೈಯೆಲ್ಲ ಉರಿಯುತ್ತಿತ್ತು.

ಆಪರೇಷನ್ ಆಯಿತು, ದನಿ ಹೋಯಿತು. ಕೂಸು ಹುಟ್ಟಿತು. ಹೆಸರಿಡುವ ದಿನವೇ ಚಿತ್ರ ತೋರಿಸುತ್ತೇನೆಂದು ಕುಣಾಲ ಪರದೆ, ಸ್ಪೀಕರು ಹೊತ್ತು ತಂದ. ತೊಟ್ಟಿಲು ಕಟ್ಟಿ, ಓಣಿಯ ಹೆಂಗಸರನ್ನೆಲ್ಲ ಕರೆದು ಕೂತೆವು.

ಪರದೆಯ ಮೇಲೆ ಅತ್ತೆಯ ತುಟಿಗಳು ಆಡಿದವು. ದನಿ ಮಾತ್ರ ಇಲ್ಲ.

"ಏ ತಮ್ಮಾ, ವೈರ್ ಕಿತ್ತೈತಿ ನೋಡೋ" ಎಂದಳು ನೆರೆಮನೆಯ ಗಿರಿಜವ್ವ.

"ವೈರ್ ಬರೋಬರ್ ಐತ್ರಿ. ನಾ ದನಿ ಹಿಡದ ಇಲ್ಲ. ಆಯೀ ಮೌನನ ಆಯೀ ಚಿತ್ರ. ಹೊಸಾ ಪ್ರಯೋಗ ಇದು" ಎಂದ ಕುಣಾಲ.

"ಹಾಡ್ರಿ ಅಂದಾವ ನೀನ ಅಲ್ಲೇನೋ ಖೋಡಿ!" ಎಂದು ನಾನು ಎದ್ದು ನಿಂತೆ.

"ತುಟಿ ಆಡಬೇಕಿತ್ತಲ್ರಿ ಕಾಕು."

ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ. ಪ್ರಯೋಗ ಮಾಡುವ ತೀಟೆ ಇದ್ದರೆ ತನ್ನ ಅವ್ವನ ಗಂಟಲ ಮೇಲೆ ಮಾಡಿಕೊಳ್ಳಬೇಕಿತ್ತು!

ತೊಟ್ಟಿಲಲ್ಲಿ ಕೂಸು ಅಳತೊಡಗಿತು. ಅತ್ತೆ ಎದ್ದು ಹೋಗಿ ತೊಟ್ಟಿಲ ಹಗ್ಗ ಹಿಡಿದರು, ಬಾಯಿ ತೆರೆದರು. ಬಟ್ಟೆ ಸುತ್ತಿದ ಕುತ್ತಿಗೆಯಲ್ಲಿ ಉಸಿರಿಗೆಂದು ಡಾಕ್ಟರು ಬಿಟ್ಟ ತೂತಿನಿಂದ ಬರೀ ಗಾಳಿ ಸುಂಯ್ ಎಂದು ಬಂತು. ಆದರೂ ನಿಲ್ಲಿಸಲಿಲ್ಲ. ಹಿರಿಯರ ಹೆಸರುಗಳು ಒಂದೊಂದಾಗಿ ತುಟಿಯ ಮೇಲೆ ಬರುತ್ತಿದ್ದವು. ಬ್ರಾಹ್ಮಿ ಸೆರಗು ಬಾಯಿಗೊತ್ತಿಕೊಂಡು ಅತ್ತಳು.

ಕುಣಾಲ ಗಡಬಡಿಸಿ ಮೈಕು ತಂದು ಅತ್ತೆಯ ಕುತ್ತಿಗೆಯ ಹತ್ತಿರ ಹಿಡಿದ.

"ಯಾರೂ ಸಪ್ಪಳ ಮಾಡಬ್ಯಾಡ್ರಿ" ಎಂದ. "ಈಗ ದನಿ ಹಿಡ್ಯಾಕತ್ತೇನಿ."