ಗಡಿಯಾರಕ್ಕೆ ಕಾದ ಹುಂಜ

ಕಡಲಾಚೆಯ ರಾಣಿಯೊಬ್ಬಳು ಈ ಸೀಮೆಯನ್ನೂ ಆಳುತ್ತಿದ್ದ ಕಾಲ. ಒಂದು ಪೇಟೆಯಲ್ಲಿ ತುಕೋಜಿರಾಯರೆಂಬ ಗುಮಾಸ್ತರಿದ್ದರು. ಅವರ ಹಿತ್ತಲಿನ ಹುಂಜ ಕೂಗಿದರೆ ಬೆಳಗಾಯಿತೆಂದು ಅರ್ಥ. ಕೂಗು ಕೇಳಿದೊಡನೆ ಸೊಸೆ ಸೋನಾಬಾಯಿ ಎದ್ದು ಅಂಗಳಕ್ಕೆ ನೀರು ಹಾಕಬೇಕು. ಮನೆಯ ಪದ್ಧತಿ ಹಾಗಿತ್ತು.

ಒಂದು ದಿನ ರಾಯರು ಗಡಿಯಾರ ತಂದು ಪಡಸಾಲೆಯಲ್ಲಿ ತೂಗುಹಾಕಿದರು. ಊರಿಗೆಲ್ಲ ಅದೊಂದೇ ಗಡಿಯಾರ. ಜನ ಚಪ್ಪಲಿ ಬಿಟ್ಟು ಅದರ ಮುಂದೆ ನಿಂತರು.

"ಇನ್ನು ಹುಂಜ ಯಾಕೆ? ಹಬ್ಬಕ್ಕೆ ಸಾರು ಮಾಡಿದರಾಯ್ತು," ಎಂದು ರಾಯರು ನಕ್ಕರು.

ಹುಂಜಕ್ಕೆ ಕತ್ತಿನ ಭಯವಾಯಿತು. ಅದಕ್ಕಿಂತ ಹೆಚ್ಚು ಹೊಟ್ಟೆ ಉರಿಯಿತು. "ಒಂದು ಕಾಳು ಹೆಕ್ಕಲು ಬಾರದವನಿಗೆ ಅಷ್ಟು ಮರ್ಯಾದೆಯೇ?"

"ಅವನು ತಪ್ಪೋದಿಲ್ಲವಂತೆ," ಎಂದಿತು ಹೇಂಟೆ, ಮಣ್ಣು ಕೆದರುತ್ತ. "ನೀವು ಕನಸು ಕಂಡರೂ ಕೂಗ್ತೀರಿ."

ಇಲ್ಲೊಂದು ಸಂಗತಿ ಹೇಳಬೇಕು. ಗಡಿಯಾರ ದಿನಕ್ಕೆ ಹತ್ತು ನಿಮಿಷ ಹಿಂದೆ ಬೀಳುತ್ತಿತ್ತು. ಹುಂಜ ಕೂಗಿದಾಗ ರಾಯರೇ ಎದ್ದು ಮುಳ್ಳನ್ನು ಐದಕ್ಕೆ ತಿರುಗಿಸುತ್ತಿದ್ದರು; ಆಗ ಅದು ಐದು ಹೊಡೆಯುತ್ತಿತ್ತು. ಅಂದರೆ ಗಡಿಯಾರಕ್ಕೆ ಹೊತ್ತು ಕಲಿಸುತ್ತಿದ್ದುದು ಹುಂಜವೇ. ಹಿತ್ತಲಿನಲ್ಲಿದ್ದ ಹುಂಜಕ್ಕೆ ಇದು ಕಾಣುತ್ತಿರಲಿಲ್ಲ, ಹೊಡೆತ ಮಾತ್ರ ಕೇಳುತ್ತಿತ್ತು.

"ನಾನು ಕೂಗಿದ ಮೇಲೆ ಅವನು ಹೊಡೆಯುತ್ತಾನೆ. ಅದಕ್ಕೇ ಎಲ್ಲರೂ ಅವನನ್ನು ನಂಬುತ್ತಾರೆ," ಎಂದುಕೊಂಡಿತು ಹುಂಜ. "ನಾಳೆಯಿಂದ ಅವನು ಮೊದಲು ಹೊಡೆಯಲಿ."

ಮರುದಿನ ಅದು ಕೊಕ್ಕು ಬಿಗಿಹಿಡಿದು ಕಾಯಿತು. ಗಡಿಯಾರ ಹತ್ತು ನಿಮಿಷ ತಡವಾಗಿ ಐದು ಹೊಡೆಯಿತು, ಹುಂಜ ಕೂಗಿತು. ರಾಯರು ಎದ್ದು ನೋಡಿದರೆ ಮುಳ್ಳು ಐದರ ಮೇಲೆಯೇ ಇತ್ತು. "ಗಡಿಯಾರ ಪಳಗಿತು," ಎಂದು ಹಾಗೆಯೇ ಬಿಟ್ಟರು. ಅದರ ಮರುದಿನ ಇಪ್ಪತ್ತು ನಿಮಿಷ ತಡವಾಯಿತು. ತಿಂಗಳು ಕಳೆಯುವಷ್ಟರಲ್ಲಿ ಬೆಳಗಿನ ಐದಕ್ಕೆ ಅಂಗಳದ ತುಂಬ ಬಿಸಿಲಿರುತ್ತಿತ್ತು. ಮದುವೆಯಾಗಿ ಬಂದ ಮೇಲೆ ಸೋನಾಬಾಯಿ ಮೊದಲ ಬಾರಿಗೆ ಕಣ್ತುಂಬ ನಿದ್ದೆ ಮಾಡಿದಳು. ಅವಳು ಯಾರಿಗೂ ಏನೂ ಹೇಳಲಿಲ್ಲ.

ಕಚೇರಿಯವರು ನೆರಳು ನೋಡಿ ಹೊತ್ತು ತಿಳಿಯುವವರು. ಒಂದು ದಿನ ಅವರು ಬಾಗಿಲು ಹಾಕುವ ಹೊತ್ತಿಗೆ, ಗಡಿಯಾರ ನೋಡಿ ಹೊರಟ ರಾಯರು ಒಳಗೆ ಕಾಲಿಟ್ಟರು. ಸಾಹೇಬರು ಚೆನ್ನಾಗಿ ಗದರಿಸಿ ಕಳಿಸಿದರು.

"ಹುಂಜ ಸುಳ್ಳು ಹೇಳ್ತಿದೆ. ಇವತ್ತೇ ಕೊಯ್ದುಬಿಡಿ," ಎಂದರು ರಾಯರು ಮನೆಗೆ ಬಂದು.

ಸೋನಾಬಾಯಿ ಸೆರಗು ಸರಿಮಾಡಿಕೊಂಡಳು. "ಸುಳ್ಳಾದರೆ ಗಡಿಯಾರವೂ ಅದನ್ನೇ ಹೇಳುತ್ತಾ, ಮಾವಯ್ಯ? ಈಚೆಗೆ ಸೂರ್ಯನೇ ಬೇಗ ಬರ್ತಿರಬೇಕು."

ರಾಯರಿಗೆ ಇದು ನ್ಯಾಯವಾಗಿ ಕಂಡಿತು. ಸೂರ್ಯನನ್ನು ವಿಚಾರಣೆಗೆ ಒಳಪಡಿಸಬೇಕೆಂದು ಸಾಹೇಬರಿಗೆ ಅರ್ಜಿ ಬರೆದರು.

ಹುಂಜದ ಕತ್ತು ಉಳಿಯಿತು. ಮರುದಿನ ಅದು ಸುಡುಬಿಸಿಲಿನಲ್ಲಿ ಗೋಡೆಯ ಮೇಲೆ ನಿಂತಿತ್ತು.

"ಕೂಗಬಾರದೇ?" ಎಂದಿತು ಹೇಂಟೆ.

"ತಡಿ," ಎಂದಿತು ಹುಂಜ. "ಮೊದಲು ಬೆಳಗಾಗಲಿ."