ಚಿಕ್ಕಮ್ಮ ಬಾಯಿ ಬಿಡದ ನಾಲ್ಕು ದಿನ

ದೊಡ್ಡಮ್ಮನಿಗೆ ಇಷ್ಟೊಂದು ಹಿತೈಷಿಗಳಿದ್ದರೆಂದು ನಮಗೆ ತಿಳಿದದ್ದು ಅವರು ಸತ್ತ ಮೇಲೆ. ಬದುಕಿದ್ದಾಗ ನಮ್ಮೂರು ಚೆರ್ನೊವಿಟ್ಸ್‌ನ ದೊಡ್ಡ ಮನುಷ್ಯರು ಅವರನ್ನು ಕಂಡರೆ ರಸ್ತೆಯ ಆಚೆ ಬದಿಗೆ ದಾಟುತ್ತಿದ್ದರು.

ದೊಡ್ಡಮ್ಮ ಎಂದರೆ ಸಿಡೋನಿಯಾ ಲಾಯ್ಫರ್. ಮದುವೆಯ ಆಸೆ ತೋರಿಸಿ ನಮ್ಮ ಬಡ ಯೆಹೂದಿ ಹುಡುಗಿಯರನ್ನು ಬ್ಯೂನಸ್ ಐರಿಸ್‌ನ ಸೂಳೆಗೇರಿಗೆ ಸಾಗಿಸುವ ದಲ್ಲಾಳಿಗಳಿದ್ದರು. ರೈಲು ನಿಲ್ದಾಣದಲ್ಲೇ ನಿಂತು ಅವರ ಕೈಯಿಂದ ಹುಡುಗಿಯರನ್ನು ಕಿತ್ತು ತಂದ ಮೊದಲ ಹೆಂಗಸು ಇವರು. ತಂದವರನ್ನು ತಮ್ಮ ಅಪ್ಪನ ಮನೆಯಲ್ಲೇ ಇಟ್ಟುಕೊಂಡು ಓದು, ಹೊಲಿಗೆ, ಸೂಲಗಿತ್ತಿ ಕೆಲಸ ಕಲಿಸಿದರು. ಆ ದಲ್ಲಾಳಿಗಳೂ ನಮ್ಮವರೇ ಎಂದು ತುಂಬಿದ ಸಭೆಯಲ್ಲಿ ಹೇಳಿದ್ದೇ ಅವರ ಅಪರಾಧ. ಹುಡುಗಿಯರನ್ನು ಮಾರಿದರೆ ಸಮುದಾಯದ ಮಾನ ಹೋಗುವುದಿಲ್ಲ, ಮಾರಿದರು ಎಂದರೆ ಹೋಗುತ್ತದೆ. ನಮ್ಮೂರಿನ ಮಾನ ಅಷ್ಟು ನಾಜೂಕು. ನಾನು ಗಿಟ್ಟಲ್, ಹದಿನಾರನೆಯ ವಯಸ್ಸಿನಲ್ಲಿ ಹಾಗೆ ಸಿಕ್ಕವಳು. ಇಪ್ಪತ್ತೆರಡು ವರ್ಷದಿಂದ ಆ ಮನೆಯ ಅಡುಗೆ ನನ್ನದು.

ಮಂಗಳವಾರ ಮಣ್ಣು ಮಾಡಿದೆವು. ಬುಧವಾರ ಬೆಳಿಗ್ಗೆಯೇ ಮೀನು ಮಾರುವವಳು ಸುದ್ದಿ ತಂದಳು. ಸಮುದಾಯದ ಅಧ್ಯಕ್ಷ, ವಕೀಲ ಶ್ಮೆಲ್ಟ್ಸರ್, ನಮ್ಮ ಮನೆಗೆ ದೊಡ್ಡಮ್ಮನ ಹೆಸರಿಟ್ಟು ಸ್ಮಾರಕ ಭವನ ಮಾಡುತ್ತಾರಂತೆ. ಅಮೃತಶಿಲೆಯ ಫಲಕ, ಗ್ರಂಥಾಲಯ, ಒಂದು ಪಿಯಾನೊ. ಮನೆಯಲ್ಲಿರುವ ಹನ್ನೊಂದು ಹುಡುಗಿಯರು? ಅಂಥ ಪುಣ್ಯವಂತೆಯ ಹೆಸರಿನ ಕೆಳಗೆ ಇಂಥವರಿದ್ದರೆ ಚೆನ್ನಾಗಿರುವುದಿಲ್ಲವಂತೆ. ಅವರವರ ಹಳ್ಳಿಗೆ ಕಳಿಸುವುದಂತೆ. ಯಾವ ಹಳ್ಳಿಯಿಂದ ದಲ್ಲಾಳಿ ಕರೆದೊಯ್ದಿದ್ದನೋ ಅದೇ ಹಳ್ಳಿಗೆ. ಇದಕ್ಕೆ ಒಪ್ಪಿಗೆ ಕೊಡಬೇಕಾದ, ವರ್ಷಕ್ಕೊಮ್ಮೆ ಮಾತ್ರ ಸೇರುವ ಸರ್ವಸದಸ್ಯರ ಸಭೆ ಭಾನುವಾರ ನಾಲ್ಕಕ್ಕಿತ್ತು. ಅಷ್ಟರೊಳಗೆ ಅವರಿಗೆ ಮನೆಯ ಒಡತಿಯ ಸಹಿ ಬೇಕಿತ್ತು.

ಒಡತಿ ಈಗ ದೊಡ್ಡಮ್ಮನ ತಂಗಿ ಮಾಲ್ಕಾ, ನಮ್ಮ ಚಿಕ್ಕಮ್ಮ. ಅವರಿಗೆ ಎರಡೇ ದೋಷ. ಬಾಯಿ ನಿಲ್ಲುವುದಿಲ್ಲ, ಆ ಬಾಯಿಂದ ಯಾರಿಗೂ ಇಲ್ಲ ಎನ್ನಲು ಬರುವುದಿಲ್ಲ. ಒಮ್ಮೆ ಪೊರಕೆಯವನ ಮನಸ್ಸು ನೋಯಿಸಲಾರದೆ ಹದಿನಾಲ್ಕು ಪೊರಕೆ ಕೊಂಡಿದ್ದರು. ವಕೀಲರು ಕಾಗದ ಚಾಚಿ ಒಂದು ಸಿಹಿಮಾತು ಆಡಿದರೆ ನಮ್ಮ ಕಥೆ ಮುಗಿದಂತೆಯೇ.

ಆಗ ನನಗೆ ಸೂತಕದ ನಿಯಮ ಹೊಳೆಯಿತು. ನಮ್ಮಲ್ಲಿ ಸೂತಕದವರು ಏಳು ದಿನ ಗಿಡ್ಡ ಮಣೆಯ ಮೇಲೆ ಕೂರುತ್ತಾರೆ. ಅವರು ತಾವಾಗಿ ಮಾತಾಡುವ ತನಕ ನೋಡಲು ಬಂದವರು ತುಟಿ ಬಿಚ್ಚುವಂತಿಲ್ಲ.

"ನಿಮ್ ದಮ್ಮಯ್ಯ ಅಂತೀನಿ ಚಿಕ್ಕಮ್ಮ, ಆ ಗಂಡಸ್ರು ಬಂದಾಗ ಬಾಯಿ ಬಿಡ್ಬೇಡಿ," ಎಂದೆ.

"ಒಂದ್ ಮಾತೂ?"

"ಒಂದ್ ಮಾತೂ."

"ಚಹಾ ತಗೊಳ್ಳಿ ಅಂತಾನೂ ಅನ್ಬಾರ್ದೇನೆ?" ಎಂದು ಕೇಳಿದರು, ನಿಜವಾಗಿ ಹೆದರಿ.

ಅಂದು ಮಧ್ಯಾಹ್ನ ಶ್ಮೆಲ್ಟ್ಸರ್ ಮೂವರು ಸದಸ್ಯರೊಂದಿಗೆ ಬಂದರು. ಕೂತರು. ಚಿಕ್ಕಮ್ಮ ನೆಲ ನೋಡುತ್ತಿದ್ದರು. ಇವರು ಚಿಕ್ಕಮ್ಮನ ತುಟಿ ನೋಡುತ್ತಿದ್ದರು. ಒಬ್ಬೊಬ್ಬರೇ ಬಂದಿದ್ದರೆ ಯಾವನಾದರೂ ಮಾತಾಡಿಬಿಡುತ್ತಿದ್ದ. ನಾಲ್ವರೂ ಒಟ್ಟಿಗೆ ಇದ್ದುದರಿಂದ ನಾಲ್ವರಿಗೂ ಧರ್ಮ ನೆನಪಾಯಿತು. ಒಂದು ಗಂಟೆ ಕೂತು ಎದ್ದು ಹೋದರು. ಗುರುವಾರವೂ ಅದೇ.

ಶುಕ್ರವಾರ ವಕೀಲರು ನೀರಿನ ನೆಪ ಮಾಡಿಕೊಂಡು ಅಡುಗೆಮನೆಗೆ ಬಂದರು. ನನ್ನೊಡನೆ ಮಾತಾಡಲು ಯಾವ ನಿಯಮವೂ ಅಡ್ಡವಿರಲಿಲ್ಲ.

"ಗಿಟ್ಟಲ್, ನೀನಾದ್ರೂ ಅವರಿಗೆ ಹೇಳಮ್ಮ. ನಿನ್ ಕೆಲಸಕ್ಕೇನೂ ತೊಂದ್ರೆ ಇಲ್ಲ. ಭವನದಲ್ಲೂ ಅಡುಗೆಯವಳು ಬೇಕಲ್ಲ."

"ಹುಡುಗೀರ್ನ ಮಾತ್ರ ಕಳಿಸ್ತೀರಿ."

"ಅಂಥೋರು ಅಲ್ಲಿದ್ರೆ ನೋಡಿದೋರು ಏನಂತಾರೆ?"

"ನಾನೂ ಅಂಥೋಳೇ ವಕೀಲರೇ."

ಅವರು ನನ್ನನ್ನು ಒಮ್ಮೆ ಮೇಲಿಂದ ಕೆಳಗೆ ನೋಡಿದರು. "ನಿನ್ ವಿಷಯ ಬೇರೆ. ನಿನಗೀಗ ವಯಸ್ಸಾಯ್ತು," ಎಂದು ಸಮಾಧಾನ ಹೇಳಿದರು. ಲೋಟದ ನೀರನ್ನು ಅವರ ಮುಖಕ್ಕೆ ಎರಚಬೇಕೆನಿಸಿತು. ಕುಡಿಯಲು ಕೊಟ್ಟೆ.

ಶನಿವಾರ ಸಬ್ಬತ್, ನಮ್ಮ ವಿಶ್ರಾಂತಿಯ ದಿನ, ಯಾರೂ ಬರುವಂತಿರಲಿಲ್ಲ. ಭಾನುವಾರ ಮೂರಕ್ಕೆ ನಾಲ್ವರೂ ಹಾಜರ್. ವಕೀಲರು ಕಾಗದವನ್ನು ತೊಡೆಯ ಮೇಲೆಯೇ ಇಟ್ಟುಕೊಂಡು ಕೂತರು. ಹತ್ತು ನಿಮಿಷವಾಗಿರಬೇಕು, ಚಿಕ್ಕಮ್ಮ ತಲೆ ಎತ್ತಿ ಬಾಯಿ ತೆರೆದರು. ಕೆಟ್ಟಿತು ಎಂದುಕೊಂಡೆ.

"ನಮ್ಮಕ್ಕ ಈ ಹುಡುಗೀರಿಗೆ ಸಹಾಯ ಕೇಳ್ಕೊಂಡು ಇಪ್ಪತ್ತಾರ್ ವರ್ಷ ನಿಮ್ ಬಾಗ್ಲಿಗೆ ಬಂದ್ಲು ವಕೀಲರೇ. ನೀವು ಒಂದ್ ದಿನಾನೂ ಹೂಂ ಅನ್ಲಿಲ್ಲ, ಉಹೂಂ ಅನ್ಲಿಲ್ಲ. ಉತ್ತರ ಕೊಡದವರ ಮುಂದೆ ಕೂರೋದು ಹೇಗಿರತ್ತೆ ಅಂತ ಈ ವಾರ ನಿಮಗೂ ಗೊತ್ತಾಗಿರ್ಬೇಕು."

"ತಾಯಿ, ಆ ತಪ್ಪು ಸರಿಮಾಡೋಣ ಅಂತಾನೇ ಈ ಕಾಗದ..."

"ಇರಿ, ನಾನಿನ್ನೂ ಮುಗಿಸಿಲ್ಲ."

ಸೂತಕದವರ ಮಾತನ್ನು ತಡೆಯುವುದುಂಟೇ? ಚಿಕ್ಕಮ್ಮ ಶುರುಮಾಡಿದರು. ಅಕ್ಕ ಮೊದಲ ಸಲ ನಿಲ್ದಾಣಕ್ಕೆ ಹೋದ ದಿನ ಹಾಕಿದ್ದ ಕೋಟು, ಆ ಕೋಟಿನ ದರ್ಜಿ, ದರ್ಜಿಯ ಹೆಂಡತಿಯ ಕಾಯಿಲೆ, ಆಮೇಲೆ ಒಬ್ಬೊಬ್ಬ ಹುಡುಗಿಯೂ ಯಾವ ರೈಲಿನಿಂದ ಇಳಿದಳು, ಕೈಯಲ್ಲಿ ಏನಿತ್ತು, ಯಾವನು ಮದುವೆಯ ಮಾತು ಕೊಟ್ಟಿದ್ದ. ಕೆಲವು ದಲ್ಲಾಳಿಗಳ ಹೆಸರು ಬಂದಾಗ ಸದಸ್ಯರೊಬ್ಬರು ಕರವಸ್ತ್ರ ಹುಡುಕಿದರು. ಗಡಿಯಾರ ನಾಲ್ಕು ಹೊಡೆದಾಗ ಚಿಕ್ಕಮ್ಮ ಇನ್ನೂ ಮೂರನೆಯ ಹುಡುಗಿಯ ಕಥೆಯಲ್ಲಿದ್ದರು. ಮುಗಿಸುವಾಗ ಆರಾಗಿತ್ತು. ಅಧ್ಯಕ್ಷರಿಲ್ಲದ ಸಭೆ ಯಾವಾಗಲೋ ಚದುರಿತ್ತು.

ವಕೀಲರು ಕಾಗದ ಮಡಿಚಿ ಎದ್ದರು. ಹೊರಡುವಾಗ ಸೂತಕದವರಿಗೆ ಹೇಳಬೇಕಾದ ಮಾತನ್ನು ಹಲ್ಲು ಕಚ್ಚಿಕೊಂಡೇ ಹೇಳಿದರು: "ಚೀಯೋನ್ ಮತ್ತು ಯೆರೂಸಲೇಮಿನ ದುಃಖಿತರ ನಡುವೆ ದೇವರು ನಿಮ್ಮನ್ನು ಸಂತೈಸಲಿ."

"ಗಿಟ್ಟಲ್‌ಗೂ ಹೇಳಿ," ಎಂದರು ಚಿಕ್ಕಮ್ಮ.

"ಅವಳು ರಕ್ತಸಂಬಂಧಿ ಅಲ್ವಲ್ಲ ತಾಯಿ. ನಿಯಮ..."

"ತಾಯಿ ಸತ್ತೋರಿಗೆ ಹೇಳೋದೇ ತಾನೆ ನಿಯಮ? ಹೇಳಿ. ಹುಡುಗೀರ್ನೂ ಕರಿಯೇ ಗಿಟ್ಟಲ್."

ಹನ್ನೊಂದು ಹುಡುಗಿಯರು ಬಂದು ಗೋಡೆಗೆ ಸಾಲಾಗಿ ನಿಂತರು. ಶ್ಮೆಲ್ಟ್ಸರ್ ನನ್ನ ಮುಂದೆ ನಿಂತು ಆ ಮಾತು ಹೇಳಿದರು. ವಾರವಿಡೀ ಬಾರದ ಅಳು ನನಗೆ ಆಗ ಬಂತು. ಅವರು ಮುಂದೆ ಸಾಗುತ್ತ ಒಬ್ಬೊಬ್ಬಳಿಗೂ ಹೇಳಿದರು. ಕೊನೆಯವಳು ಹದಿನಾಲ್ಕು ವರ್ಷದ ಝೀಸಲ್, ಬಂದು ತಿಂಗಳಾಗಿತ್ತಷ್ಟೆ. ಅವಳಿಗೂ ಹೇಳಿ ಮುಗಿಸಿದ ಮೇಲೆ ಏನು ಮಾಡಬೇಕೆಂದು ತೋಚದೆ, ದೊಡ್ಡ ಮನುಷ್ಯರು ಮಕ್ಕಳನ್ನು ಕೇಳುವ ಹಾಗೆ ಕೇಳಿದರು: "ಯಾರ ಮನೆ ಹುಡುಗಿಯಮ್ಮ ನೀನು?"

"ಇದೇ ಮನೆಯವಳು," ಎಂದಳು ಝೀಸಲ್.

ಮುಂದಿನ ವರ್ಷದ ಸಭೆಯ ತನಕ ಅದು ನಿಜ.